ದಂಗ್‌ದುತ್: ಅದು ಕುಣಿತದ ಹೆಸರಲ್ಲ

ಇಂಡೋನೇಷ್ಯಾದ ಯಾವ ಹಾಡಿಗೆ ಯಾರು ಸೊಂಟ ಕುಣಿಸಿದರೂ ವಿಡಿಯೊ ಕೆಳಗೆ ‘ಡ್ಯಾಂಗ್‌ಡಟ್ ಡ್ಯಾನ್ಸ್’ ಅಂತ ಬರೆದುಬಿಡುತ್ತಾರೆ. ನಿನ್ನೆ ಮತ್ತೆ ಕಣ್ಣಿಗೆ ಬಿತ್ತು. ಕೇಳಿದರೆ ಅದು ಸಾದಾ ಪಾಪ್ ಹಾಡು. ದಂಗ್‌ದುತ್ ಅನ್ನೋದು ಇಂಡೋನೇಷ್ಯಾದ ಒಂದು ಜನಪ್ರಿಯ ಸಂಗೀತ ಶೈಲಿ, ಕುಣಿತವಲ್ಲ.

ಮೊದಲು ಉಚ್ಚಾರ. ಡ್ಯಾಂಗ್ ಅಲ್ಲ, ಡಟ್ ಅಂತೂ ಅಲ್ಲವೇ ಅಲ್ಲ. ದಙ್‌ದುತ್. ನಮ್ಮ ವರ್ಣಮಾಲೆಯಲ್ಲಿ ಸುಮ್ನೆ ಕೂತಿರುವ ‘ಙ’ಗೆ ಇಲ್ಲಿ ಕೆಲಸವಿದೆ. ಬರೆಯಲು ಕಷ್ಟವಾದರೆ ದಂಗ್‌ದುತ್ ಅನ್ನಿ, ಸಾಕು.

ಈ ಪದ ಹುಟ್ಟಿದ್ದು ಚರ್ಮವಾದ್ಯದ ಸದ್ದಿನಿಂದ. ನಮ್ಮ ದಬದಬ, ಢಣಢಣ ಇದ್ದ ಹಾಗೆ. ಗೆಂದಾಂಗ್ ಅನ್ನೋ ಜೋಡಿ ವಾದ್ಯ ತಬಲಾಕ್ಕೆ ಹತ್ತಿರದ ನೆಂಟ. ನಾಲ್ಕು ಎಣಿಕೆಯ ತಾಳದಲ್ಲಿ ನಾಲ್ಕನೇ ಎಣಿಕೆಗೆ ‘ದಂಗ್’. ಮುಂದಿನ ಸುತ್ತಿನ ಒಂದಕ್ಕೆ ‘ದುತ್’. ಈ ದುತ್ ಬರುವಾಗ ಬಾರಿಸುವವರ ಕೈ ನೋಡಬೇಕು. ಅಂಗೈಯ ಬುಡವನ್ನು ಚರ್ಮಕ್ಕೆ ಒತ್ತಿ ಜಾರಿಸುತ್ತಾರೆ, ದನಿ ಮೇಲಕ್ಕೆ ಜಗ್ಗುತ್ತದೆ. ತಬಲಾದ ಡಗ್ಗಾ ಕೇಳಿದವರಿಗೆ ತಕ್ಷಣ ಗುರುತು ಸಿಗುತ್ತದೆ, ಅಲ್ವಾ?

1970ರ ದಶಕದ ಶುರುವಿನಲ್ಲಿ ಇದು ಬೈಗುಳವೇ ಆಗಿತ್ತು. ಹಳ್ಳಿ, ಕೇರಿಗಳ ಜನ ಕೇಳುವ ಸಂಗೀತ ಅಂತ ಪೇಟೆಯವರು ಮೂಗು ಮುರಿದು ಇಟ್ಟ ಹೆಸರು. ಗಾಯಕ ರೋಮಾ ಇರಾಮಾ ಅದನ್ನೇ ಹೆಮ್ಮೆಯಿಂದ ಎತ್ತಿಕೊಂಡರು. 1970ರಲ್ಲಿ ಸೊನೆತಾ ತಂಡ ಕಟ್ಟಿ, ಹಳೆಯ ಮಲಯ ವಾದ್ಯಮೇಳದ ಸಂಗೀತಕ್ಕೆ ಎಲೆಕ್ಟ್ರಿಕ್ ಗಿಟಾರ್ ಸೇರಿಸಿದರು. ‘ಹಿಂದಿ ಸಿನಿಮಾ ಹಾಡಿನ ಕಾಪಿ’ ಅನ್ನುವವರು ಇದನ್ನು ಮರೆಯುತ್ತಾರೆ. ಹಿಂದಿ ಹಾಡಿನ ಪ್ರಭಾವ ಜಾಸ್ತಿಯೇ ಇದೆ, ನಿಜ. ಆದರೆ ಅರಬ್ ರಾಗಗಳೂ ಇವೆ, ಬ್ರಿಟನ್ನಿನ ಡೀಪ್ ಪರ್ಪಲ್ ತಂಡದ ರಾಕ್ ಕೂಡ ಇದೆ.

ಕುಣಿತಕ್ಕೆ ಬೇರೆಯೇ ಹೆಸರಿದೆ: ಗೊಯಾಂಗ್. 2003ರಲ್ಲಿ ಗಾಯಕಿ ಇನುಲ್ ದರತಿಸ್ತಾ ಬೈರಿಗೆ ತಿರುಗಿದ ಹಾಗೆ ಸೊಂಟ ತಿರುಗಿಸಿ ದೇಶವೆಲ್ಲ ಗದ್ದಲ ಎದ್ದಿತಲ್ಲ, ಆ ಜಗಳ ಗೊಯಾಂಗ್ ಬಗ್ಗೆ. ವಿರೋಧಿಸಿದವರಲ್ಲಿ ರೋಮಾ ಇರಾಮಾ ಅವರೇ ಮುಂದಿದ್ದರು. ಕುಣಿತವೂ ದಂಗ್‌ದುತ್ತೂ ಒಂದೇ ಆಗಿದ್ದರೆ ಅವರು ಜಗಳ ಆಡುವುದಾದರೂ ಹೇಗೆ?

ಪೂರ್ವ ಜಾವಾದ ಕೊಪ್ಲೊ ಇದರದೇ ವೇಗದ ಕವಲು. ಗಾಯಕ ದಿದಿ ಕೆಂಪೊತ್ ಹಾಡುಗಳನ್ನು ಮಾತ್ರ ದಂಗ್‌ದುತ್ ಅನ್ನಬೇಡಿ. ಅವರದು ಜಾವಾ ಭಾಷೆಯ ಚಂಪುರ್‌ಸಾರಿ ಅನ್ನೋ ಬೇರೆ ಸಂಗೀತ ಶೈಲಿ. ಅವೇ ಹಾಡುಗಳನ್ನು ಕೊಪ್ಲೊ ತಂಡಗಳು ಬಾರಿಸಿದಾಗ ಅವು ಕೊಪ್ಲೊ ಆಗುತ್ತವೆ. ಸಾಹಿತ್ಯ ಅದೇ, ಮಟ್ಟು ಅದೇ. ಬದಲಾಗಿದ್ದು ಚರ್ಮದ ಮೇಲಿನ ಪೆಟ್ಟು.