ಡೈಲಾಗ್ ಆಮೇಲೆ ಬರೆಯಿರಿ

ಚಿತ್ರಕಥೆ ಓದಿ ಹೇಳಿ ಅಂತ ಬರುವ ಹುಡುಗರು ಮೊದಲು ಓದುವುದು ಡೈಲಾಗನ್ನೇ. ಚೆನ್ನಾಗಿಯೇ ಇರುತ್ತದೆ. ಆದರೆ ಈ ಸೀನ್ ಇಲ್ಲೇ ಯಾಕೆ, ಸ್ವಲ್ಪ ಮುಂಚೆ ಬಂದರೆ ಏನಾಗುತ್ತದೆ ಅಂತ ಕೇಳಿದರೆ ಸುಮ್ಮನಾಗುತ್ತಾರೆ. ನೋಡುವವರಿಗೆ ಯಾವ ವಿಷಯ ಯಾವಾಗ ಗೊತ್ತಾಗಬೇಕು ಅನ್ನುವ ಲೆಕ್ಕವೇ ಚಿತ್ರಕಥೆ ಅಲ್ವಾ? ಎಷ್ಟು ಸಲ ಹೇಳಿದರೂ ಇದೊಂದು ಅವರ ತಲೆಗೆ ಹೋಗುವುದಿಲ್ಲ.

ಅಂಥವರಿಗೆ ನಾನು ಜಪಾನಿನ ಶಿನೊಬು ಹಶಿಮೊಟೊ ಬರೆದ ಚಿತ್ರಗಳನ್ನು ನೋಡಲು ಹೇಳುತ್ತೇನೆ. ಸೈನ್ಯಕ್ಕೆ ಸೇರಿದ ಹಶಿಮೊಟೊಗೆ ಕ್ಷಯ ಅಂಟಿತು. ಆರೋಗ್ಯಧಾಮದಲ್ಲಿ ಪಕ್ಕದ ರೋಗಿ ಕೊಟ್ಟ ಸಿನಿಮಾ ಪತ್ರಿಕೆಯಲ್ಲಿ ಒಂದು ಚಿತ್ರಕಥೆ ಓದಿ, ಇಷ್ಟೇ ತಾನೆ, ನಾನೂ ಬರೆಯಬಲ್ಲೆ ಅಂದುಕೊಂಡರು. ಬರೆದದ್ದನ್ನು ನಿರ್ದೇಶಕ ಮನ್ಸಾಕು ಇತಾಮಿ ಅವರಿಗೆ ಕಳಿಸಿದರು. ಇತಾಮಿ ತಿದ್ದಿ ಬೆಳೆಸಿದರು. ಹಶಿಮೊಟೊ ಬರೆದು ತೆರೆಗೆ ಬಂದ ಮೊದಲ ಚಿತ್ರ 1950ರ 'ರಾಶೊಮಾನ್'. ಮೊದಲ ಕರಡು ತೀರಾ ಚಿಕ್ಕದಾಯಿತೆಂದು ಅದರ ನಿರ್ದೇಶಕ ಅಕಿರಾ ಕುರೊಸಾವಾ ಬೆಳೆಸಲು ಹೇಳಿದ್ದರು.

'ಇಕಿರು' (1952) ನೋಡಿ. ಕುರೊಸಾವಾ ಮತ್ತು ಹಿಡಿಯೊ ಒಗುನಿ ಜೊತೆ ಕೂತು ಬರೆದದ್ದು. ಕ್ಯಾನ್ಸರ್ ಬಂದ ಸರ್ಕಾರಿ ಅಧಿಕಾರಿಯೊಬ್ಬ ಮಕ್ಕಳಿಗೆ ಪಾರ್ಕ್ ಕಟ್ಟಿಸುವ ಕಥೆ. ಚಿತ್ರ ಇನ್ನೂ ಸಾಕಷ್ಟು ಬಾಕಿ ಇರುವಾಗಲೇ ಅವನು ಸತ್ತಿರುತ್ತಾನೆ. ಹೇಗೆ ಕಟ್ಟಿಸಿದ ಅನ್ನುವುದು ಅವನ ಸಾವಿನ ಮನೆಯಲ್ಲಿ ಕುಡಿಯುತ್ತಾ ಕೂತ ಸಹೋದ್ಯೋಗಿಗಳ ಬಾಯಲ್ಲಿ ಬರುತ್ತದೆ. ಇದನ್ನೇ ನೇರವಾಗಿ ಹೇಳಿದ್ದರೆ ಒಬ್ಬ ಒಳ್ಳೆಯವನ ಕಥೆಯಾಗಿ ಮುಗಿಯುತ್ತಿತ್ತು. ಈಗ ಅವನನ್ನು ಅರ್ಥ ಮಾಡಿಕೊಳ್ಳದ ಆಫೀಸೇ ಕಣ್ಣ ಮುಂದೆ ನಿಲ್ಲುತ್ತದೆ.

ನನಗೆ ಇದಕ್ಕಿಂತ ಜಾಸ್ತಿ ಇಷ್ಟ 'ಕ್ಯಾಸಲ್ ಆಫ್ ಸ್ಯಾಂಡ್' (1974). ಸೈಚೊ ಮಾತ್ಸುಮೊಟೊ ಅವರ ಪತ್ತೇದಾರಿ ಕಾದಂಬರಿ ಆಧರಿಸಿದ್ದು. ಕುಷ್ಠರೋಗಿ ತಂದೆ, ಪುಟ್ಟ ಮಗ ಊರೂರು ಅಲೆದದ್ದು ಪುಸ್ತಕದಲ್ಲಿ ಬಹಳ ಚುಟುಕು. ಹಶಿಮೊಟೊ ಮತ್ತು ಯೋಜಿ ಯಮಾದಾ ಅದನ್ನೇ ಹಿಗ್ಗಿಸಿ ಕೊನೆಗಿಟ್ಟರು. ಒಂದು ಕಡೆ ಪೊಲೀಸರ ಸಭೆ, ಇನ್ನೊಂದು ಕಡೆ ಆ ಮಗ ದೊಡ್ಡವನಾಗಿ ನಡೆಸುವ ಸಂಗೀತ ಕಛೇರಿ, ನಡುವೆ ಹಿಮದಲ್ಲಿ ನಡೆಯುವ ತಂದೆ ಮಗ. ಆ ಅಲೆದಾಟದಲ್ಲಿ ಮಾತು ಇಲ್ಲವೆನ್ನುವಷ್ಟು ಕಡಿಮೆ. ಕೊಲೆ ಮಾಡಿದವನು ಯಾರೆಂದು ಗೊತ್ತಾದ ಮೇಲೂ ನಾವು ಅಳುತ್ತಾ ಕೂತಿರುತ್ತೇವೆ.

ಹಾಗಂತ ಎಲ್ಲ ಕಥೆಗೂ ಇದು ಒಗ್ಗುವುದಿಲ್ಲ. ಸುಮ್ನೆ ಫ್ಲ್ಯಾಶ್‌ಬ್ಯಾಕ್ ತುರುಕಿದರೆ ಗೋಜಲಾಗುತ್ತದೆ. ಕೆಲವು ಕಥೆಗಳಿಗೆ ನೇರ ದಾರಿಯೇ ಸರಿ. ಆದರೆ ಅದು ಸರಿ ಅಂತ ಗೊತ್ತಾಗಬೇಕಾದರೂ ಸೀನ್‌ಗಳನ್ನು ಒಮ್ಮೆ ಹಿಂದೆ ಮುಂದೆ ಮಾಡಿ ನೋಡಲೇಬೇಕು. ಅದಕ್ಕೆ ಬೇಸರ ಪಡುವವರೇ ಹೆಚ್ಚು. ಬರೆದಾಯಿತಲ್ಲ ಸರ್ ಅನ್ನುತ್ತಾರೆ. ಹಶಿಮೊಟೊ 1958ರಲ್ಲಿ ಟೀವಿಗಾಗಿ ಒಂದು ನಾಟಕ ಬರೆದಿದ್ದರು. ಯುದ್ಧಾಪರಾಧಿ ಎನಿಸಿಕೊಂಡ ಬಡ ಕ್ಷೌರಿಕನ ಕಥೆ. ಮರುವರ್ಷ ಅದನ್ನು ಸಿನಿಮಾ ಮಾಡಿ ತಾವೇ ನಿರ್ದೇಶಿಸಿದರು. 2008ರಲ್ಲಿ ಅದು ಮತ್ತೆ ಸಿನಿಮಾ ಆಯಿತು. ಆಗ ಅವರಿಗೆ 90 ವರ್ಷ. ಹಳೆಯದನ್ನೇ ಕೊಡಬಹುದಿತ್ತು. ಕೂತು ತಿದ್ದಿ ಬರೆದರು.