ಕಂಟೆಂಪ್ಟ್ ಹಾಕೋ ಮುಂಚೆ ಆದೇಶದ ಕೊನೇ ಪ್ಯಾರಾ ಓದಿ

ರಿಟ್ (ಸರ್ಕಾರಿ ಕ್ರಮ ಪ್ರಶ್ನಿಸಿ ಹೈಕೋರ್ಟಿಗೆ ಹಾಕೋ ಅರ್ಜಿ) ಗೆದ್ದು ಆರು ತಿಂಗಳಾಯ್ತು, ಆಫೀಸಲ್ಲಿ ಫೈಲ್ ಅಲ್ಲಾಡಿಲ್ಲ, ಸರ್ ಕಂಟೆಂಪ್ಟ್ (ಆದೇಶ ಪಾಲಿಸದವರ ಮೇಲೆ ನ್ಯಾಯಾಲಯ ನಿಂದನೆ ಅರ್ಜಿ) ಹಾಕಿಬಿಡಿ, ಆ ಆಫೀಸರ್ ಜೈಲಿಗೆ ಹೋಗ್ಲಿ ಅಂತ ಬರೋ ಕಕ್ಷಿದಾರರು ತುಂಬಾ ಜನ. ಸಿಟ್ಟು ನ್ಯಾಯವಾದದ್ದೇ, ಹೈಕೋರ್ಟ್ ಹೇಳಿದ ಮೇಲೂ ಪಿಂಚಣಿಗೆ ಅಲೀಬೇಕು ಅಂದ್ರೆ ಯಾರಿಗೆ ತಾನೇ ಹೊಟ್ಟೆ ಉರಿಯಲ್ಲ. ಆದ್ರೆ ನಾನು ಮೊದ್ಲು ಕೇಳೋದು ಆದೇಶದ ಕೊನೇ ಪ್ಯಾರಾನ. ಕಂಟೆಂಪ್ಟ್ ಕೋರ್ಟು ಮುಖ್ಯವಾಗಿ ನೋಡೋದೂ ಅದನ್ನೇ, ಅದ್ರಲ್ಲಿ ಏನು ಮಾಡಿ ಅಂತ ಇದೆ, ಮಾಡಿದಾರಾ ಇಲ್ವಾ, ಮಾಡದೇ ಬಿಟ್ಟಿದ್ದು ಬೇಕೂಂತಾನಾ. 1971ರ ನ್ಯಾಯಾಲಯ ನಿಂದನಾ ಕಾಯ್ದೆಯಲ್ಲಿ ಸಿವಿಲ್ ನಿಂದನೆ ಅಂದ್ರೆ ಉದ್ದೇಶಪೂರ್ವಕ ಉಲ್ಲಂಘನೆ, ಬರೀ ತಡ ಆಯ್ತು ಅನ್ನೋದು ಸಾಲಲ್ಲ.

ಎಷ್ಟೋ ಆದೇಶಗಳಲ್ಲಿ ಇರೋದು ಇಷ್ಟೇ: ಅರ್ಜಿದಾರರ ಮನವಿಯನ್ನ ಎಂಟು ವಾರದಲ್ಲಿ ಕಾನೂನು ಪ್ರಕಾರ ಪರಿಗಣಿಸಿ. ಕಕ್ಷಿದಾರರು ಗೆದ್ವಿ ಅಂದ್ಕೊಂಡು ಮನೆಗೆ ಹೋಗ್ತಾರೆ, ಅಧಿಕಾರಿ ನಾಲ್ಕು ಸಾಲಿನ ಹಿಂಬರಹ (ಲಿಖಿತ ಉತ್ತರ) ಕೊಟ್ಟು ಮನವಿ ತಿರಸ್ಕರಿಸ್ತಾರೆ, ಅಲ್ಲಿಗೆ ಆದೇಶ ಪಾಲನೆ ಆದಂಗೇ ಲೆಕ್ಕ. ಆ ಹಿಂಬರಹ ತಪ್ಪಿದ್ರೆ ಅದನ್ನ ಹೊಸ ರಿಟ್ ಹಾಕಿ ಪ್ರಶ್ನೆ ಮಾಡ್ಬೇಕು, ಕಂಟೆಂಪ್ಟಲ್ಲಿ ಅದರ ಸರಿತಪ್ಪು ನೋಡಲ್ಲ ಅಂತ ಸುಪ್ರೀಂ ಕೋರ್ಟ್ 1996ರಲ್ಲೇ ಜೆ.ಎಸ್. ಪರಿಹಾರ್ ಕೇಸಲ್ಲಿ ಹೇಳಿದೆ. ಅದಕ್ಕೇ ವಕೀಲರು ಗಟ್ಟಿಯಾಗಿ ಕೇಳ್ಬೇಕಾದ್ದು ರಿಟ್ ಇತ್ಯರ್ಥ ಆಗೋ ದಿನ. ಪರಿಗಣಿಸಿ ಅನ್ನೋ ಬದ್ಲು ಇಂಥಾ ದಿನದೊಳಗೆ ಇಷ್ಟು ಬಾಕಿ ಕೊಡಿ ಅಂತ ಬರೆಸ್ಕೊಳ್ಳೋಕೆ ಆಗುತ್ತಾ ನೋಡಿ, ದಾಖಲೆ ಬಲವಾಗಿದ್ರೆ ಕೋರ್ಟ್ ಬರೀಬಹುದು, ನಾವು ಕೇಳೋದೇ ಇಲ್ಲ ಅನ್ನೋದು ನನ್ನ ಬೇಜಾರು.

ಇನ್ನೊಂದು, ಆದೇಶದ ಸರ್ಟಿಫೈಡ್ ಕಾಪಿ ಅಧಿಕಾರಿ ಕೈ ಸೇರಿದ್ದಕ್ಕೆ ಸಾಕ್ಷಿ ಬೇಕು. ನಿಂದನೆ ಆರೋಪ ಬರೀ ಹುದ್ದೆ ಮೇಲಲ್ಲ, ವ್ಯಕ್ತಿ ಮೇಲೆ. ಹಳೇ ಅಧಿಕಾರಿ ವರ್ಗ ಆಗಿ ಹೊಸಬರು ಬಂದಿದ್ರೆ ಅವರ ಹೆಸರಿಗೆ ಮತ್ತೆ ಸ್ಪೀಡ್ ಪೋಸ್ಟಲ್ಲಿ ಕಳಿಸಿ, ಇಲ್ಲಾಂದ್ರೆ ನಂಗೆ ಗೊತ್ತೇ ಇರ್ಲಿಲ್ಲ ಅಂತಾರೆ.

ಇಲಾಖೆಯವರಿಗೂ ಒಂದು ಮಾತು. ಅಪೀಲ್ ಹಾಕಿದೀವಿ ಅನ್ನೋದು ಸ್ಟೇ (ಆದೇಶಕ್ಕೆ ತಡೆ) ಅಲ್ಲ. ಸ್ಟೇ ಸಿಕ್ಕಿಲ್ಲ ಅಂದ್ರೆ ಪಾಲಿಸಿ, ಇಲ್ಲಾ ಗಡುವು ಮುಗಿಯೋ ಮುಂಚೆ ಟೈಮ್ ಕೇಳಿ ಅರ್ಜಿ ಹಾಕಿ. ನೋಟಿಸ್ ಬಂದ್ಮೇಲೆ ಓಡೋಡಿ ಪಾಲನೆ ಮಾಡಿ ಕ್ಷಮೆ ಕೇಳೋದು ಎಷ್ಟೋ ಕಡೆ ಅಭ್ಯಾಸವಾಗಿದೆ, ಆ ಹಣ ಕಾಯ್ತಿದ್ದ ಮನುಷ್ಯನ ಗತಿ ಏನು?

ಶಿಕ್ಷೆ ಆರು ತಿಂಗಳವರೆಗೆ ಸಾದಾ ಸಜೆ, ಇಲ್ಲಾ 2,000 ರೂಪಾಯಿವರೆಗೆ ದಂಡ, ಅಥವಾ ಎರಡೂ. ಕೆಳಗಿನ ಸಿವಿಲ್ ಕೋರ್ಟ್ ಕೊಟ್ಟ ಮಧ್ಯಂತರ ತಡೆಯಾಜ್ಞೆ ಮುರಿದ್ರೆ ಸಾಮಾನ್ಯವಾಗಿ ಅದೇ ಕೋರ್ಟಲ್ಲಿ ಸಿಪಿಸಿ (ಸಿವಿಲ್ ಪ್ರಕ್ರಿಯಾ ಸಂಹಿತೆ) ಆರ್ಡರ್ 39 ರೂಲ್ 2ಎ ಅರ್ಜಿ ಹಾಕೋದು, ಅಲ್ಲಿ ಆಸ್ತಿ ಜಪ್ತಿಯೂ ಆಗಬಹುದು, ಮೂರು ತಿಂಗಳವರೆಗೆ ಸಿವಿಲ್ ಜೈಲೂ ಆಗಬಹುದು.

ಕಂಟೆಂಪ್ಟ್ ಹಾಕೋ ಗಡುವು ಮಾತ್ರ ಮರೀಬೇಡಿ. ನ್ಯಾಯಾಲಯ ನಿಂದನಾ ಕಾಯ್ದೆಯ ಸೆಕ್ಷನ್ 20ರ ಪ್ರಕಾರ ಉಲ್ಲಂಘನೆ ಆದ ದಿನದಿಂದ ಒಂದು ವರ್ಷ. ಎಂಟು ವಾರ ಕೊಟ್ಟಿದ್ರೆ ಆ ಎಂಟು ವಾರ ಮುಗಿದ ಮೇಲೆ ವರ್ಷದ ಲೆಕ್ಕ ಶುರು, ಆಮೇಲೆ ನೀವು ಎಷ್ಟು ಜ್ಞಾಪನ ಪತ್ರ ಕೊಟ್ಕೊಂಡು ಕೂತ್ರೂ ಅದು ಮುಂದಕ್ಕೆ ಹೋಗಲ್ಲ.