ನಿಮ್ಮ ಪಾಸ್‌ವರ್ಡ್ ನನಗೆ ಗೊತ್ತಿಲ್ಲ

ಕಳೆದ ಮಳೆಗಾಲದಲ್ಲಿ ಮೂಡಿಗೆರೆ ಕಡೆಯ ಕಾಫಿ ಬೆಳೆಗಾರರೊಬ್ಬರು ಚಿಕ್ಕಮಗಳೂರಿನ ನನ್ನ ಕಚೇರಿಗೆ ಬಂದು, ಅವರ ಹೋಮ್‌ಸ್ಟೇಗಾಗಿ ನಾನೇ ಮಾಡಿಕೊಟ್ಟಿದ್ದ ಜಾಲತಾಣದ ಪಾಸ್‌ವರ್ಡ್ ಮರೆತುಹೋಗಿದೆ, ಅದೇನಿತ್ತೆಂದು ನೋಡಿ ಹೇಳಿ ಎಂದರು. ನನಗೆ ಗೊತ್ತಿಲ್ಲ, ಗೊತ್ತುಮಾಡಿಕೊಳ್ಳುವ ದಾರಿಯೂ ಇಲ್ಲ ಎಂದಾಗ ಅವರು ನಂಬಲಿಲ್ಲ. ‘ಅಲ್ಲ ಸಾರ್, ಸೈಟ್ ಮಾಡಿದ್ದು ನೀವೇ, ನಿಮಗೇ ಗೊತ್ತಿಲ್ಲ ಅಂದ್ರೆ ಹೆಂಗೆ?’ ಎಂದ ಅವರ ದನಿಯಲ್ಲಿ ನನ್ನ ಕೆಲಸದ ಬಗ್ಗೆಯೇ ಅನುಮಾನವಿತ್ತು. ಆದರೆ ಸರಿಯಾಗಿ ಕಟ್ಟಿದ ಯಾವ ಜಾಲತಾಣಕ್ಕೂ ತನ್ನ ಬಳಕೆದಾರರ ಪಾಸ್‌ವರ್ಡ್ ತಿಳಿದಿರುವುದಿಲ್ಲ. ಮರೆತ ಪಾಸ್‌ವರ್ಡನ್ನು ಇದ್ದಂತೆಯೇ ಇಮೇಲ್‌ನಲ್ಲಿ ಬರೆದು ಕಳುಹಿಸುವ ತಾಣ ಕಂಡರೆ ಅಲ್ಲಿಂದ ದೂರವಿರುವುದೇ ಒಳ್ಳೆಯದು.

ನೋಂದಣಿ ಒಮ್ಮೆ ಮಾತ್ರ ನಡೆಯುವ ಪರಿಚಯ. ಲಾಗಿನ್ ಪ್ರತಿಸಲವೂ ನಡೆಯಬೇಕಾದ ಗುರುತು ಹಿಡಿಯುವ ಕೆಲಸ. ನೋಂದಣಿಯಲ್ಲಿ ಹೆಸರು, ಇಮೇಲ್ ಅಥವಾ ಮೊಬೈಲ್ ಸಂಖ್ಯೆ ಕೇಳಿ, ಅದು ನಿಜಕ್ಕೂ ನಿಮ್ಮದೇ ಎಂದು ತಿಳಿಯಲು ಒಂದು ಕೊಂಡಿಯನ್ನೋ ಸಂಕೇತವನ್ನೋ ಕಳುಹಿಸಲಾಗುತ್ತದೆ. ಇಲ್ಲಿ ಬೇಕಾದ್ದಕ್ಕಿಂತ ಹೆಚ್ಚು ಕೇಳುವ ಚಾಳಿ ನಮ್ಮ ವೃತ್ತಿಯವರಿಗಿದೆ. ಊರಿನ ಮತ್ತು ತಂದೆಯ ಹೆಸರಿನ ಮೊದಲಕ್ಷರಗಳನ್ನೇ ಇನಿಷಿಯಲ್ ಮಾಡಿಕೊಂಡಿರುವ ನಮ್ಮ ಕಡೆಯವರ ಮುಂದೆ ‘ಕೊನೆಯ ಹೆಸರು ಕಡ್ಡಾಯ’ ಎಂಬ ಖಾನೆ ಇಟ್ಟರೆ, ಅವರು ಅಲ್ಲೊಂದು ಚುಕ್ಕಿ ಹಾಕಿ ಮುಂದೆ ಹೋಗುತ್ತಾರೆ.

ಪಾಸ್‌ವರ್ಡಿನ ಮಾತಿಗೆ ಬರೋಣ. ಬೆಳೆಗಾರರಿಗೆ ನಾನು ಹೇಳಿದ್ದು ಅವರಿಗೆ ಗೊತ್ತಿದ್ದ ಲೆಕ್ಕದಲ್ಲಿಯೇ: ಹುರಿದ ಬೀಜವನ್ನು ಪುಡಿ ಮಾಡಬಹುದು, ಪುಡಿಯನ್ನು ಮತ್ತೆ ಬೀಜ ಮಾಡಲಾಗುವುದಿಲ್ಲ. ನೀವು ಕೊಟ್ಟ ಪಾಸ್‌ವರ್ಡನ್ನು ಸರ್ವರ್, ಅಂದರೆ ಜಾಲತಾಣವನ್ನು ನಡೆಸುವ ಕಂಪ್ಯೂಟರ್, ಹ್ಯಾಷ್ ಎಂಬ ಗಣಿತದ ಗಿರಣಿಗೆ ಹಾಕಿ, ಬಂದ ಪುಡಿಯನ್ನಷ್ಟೇ ಇಟ್ಟುಕೊಂಡು ಬೀಜವನ್ನು ಎಸೆದುಬಿಡುತ್ತದೆ. ಲಾಗಿನ್ ಆಗುವಾಗ ನೀವು ಕೊಟ್ಟದ್ದನ್ನು ಮತ್ತೆ ಪುಡಿ ಮಾಡಿ, ಹಳೆಯ ಪುಡಿಯೊಂದಿಗೆ ಹೋಲಿಸಿ, ಎರಡೂ ಒಂದೇ ಆಗಿದ್ದರೆ ಒಳಗೆ ಬಿಡುತ್ತದೆ. ಕಾಫಿಯ ಗಿರಣಿಗೂ ಇದಕ್ಕೂ ಒಂದು ವ್ಯತ್ಯಾಸವಿದೆ: ಇಲ್ಲಿ ಒಂದೇ ಬೀಜ ಎಷ್ಟು ಸಲ ಹಾಕಿದರೂ ಕೂದಲೆಳೆಯಷ್ಟೂ ಬದಲಾಗದ ಪುಡಿಯನ್ನೇ ಕೊಡುತ್ತದೆ. ಹಾಗಾಗಿ ಇಬ್ಬರ ಪಾಸ್‌ವರ್ಡ್ ‘123456’ ಆಗಿದ್ದರೆ ಇಬ್ಬರ ಪುಡಿಯೂ ಒಂದೇ ಆಗಿ, ಸಾಮಾನ್ಯ ಪಾಸ್‌ವರ್ಡುಗಳ ಪುಡಿಯನ್ನೆಲ್ಲ ಮೊದಲೇ ಪಟ್ಟಿ ಮಾಡಿಟ್ಟುಕೊಂಡ ಕಳ್ಳನಿಗೆ ಕೆಲಸ ಸುಲಭವಾಗುತ್ತದೆ. ಇದನ್ನು ತಪ್ಪಿಸಲು ಪ್ರತಿಯೊಬ್ಬರ ಪಾಸ್‌ವರ್ಡಿಗೂ ಸಾಲ್ಟ್ ಎಂಬ ಬೇರೆ ಬೇರೆ ಯಾದೃಚ್ಛಿಕ ತುಣುಕೊಂದನ್ನು ಸೇರಿಸಿ ಅರೆಯುತ್ತಾರೆ. ಒಬ್ಬೊಬ್ಬರಿಗೂ ಬೇರೆ ಅಳತೆಯ ಚಿಕೋರಿ ಬೆರೆಸಿದಂತೆ ಎಂದೆ. ‘ನಾವು ಚಿಕೋರಿ ಹಾಕೋರಲ್ಲ’ ಎಂದು ಅವರು ಗಂಭೀರವಾಗಿಯೇ ಹೇಳಿದರು.

ಯುನಿಕ್ಸ್ ಎಂಬ ಕಂಪ್ಯೂಟರ್ ಕಾರ್ಯಾಚರಣಾ ವ್ಯವಸ್ಥೆಯ ಸಾಲ್ಟ್ ಕ್ರಮವನ್ನು ಕಂಪ್ಯೂಟರ್ ವಿಜ್ಞಾನಿಗಳಾದ ರಾಬರ್ಟ್ ಮಾರಿಸ್ ಮತ್ತು ಕೆನ್ ಥಾಂಪ್ಸನ್ 1979ರಲ್ಲಿಯೇ ವಿವರಿಸಿದ್ದರು. ಆದರೂ ಮೂವತ್ತು ವರ್ಷಗಳ ನಂತರ, 2009ರಲ್ಲಿ, ರಾಕ್‌ಯೂ ಎಂಬ ಕಂಪನಿಯಿಂದ ಸುಮಾರು 3.2 ಕೋಟಿ ಪಾಸ್‌ವರ್ಡುಗಳು ಸೋರಿದಾಗ ಅವೆಲ್ಲ ಪುಡಿಯಾಗದ ಬೀಜಗಳೇ ಆಗಿದ್ದವು. ಇಂದು ನಾನು ಬಳಸುವುದು 1999ರಲ್ಲಿ ಪ್ರಕಟವಾದ ಬಿಕ್ರಿಪ್ಟ್ ವಿಧಾನವನ್ನು. ಇದು ಬೇಕೆಂದೇ ನಿಧಾನವಾಗಿ ಅರೆಯುತ್ತದೆ. ನಿಮಗೆ ಕಾಲು ಸೆಕೆಂಡಿನ ತಡ ಗೊತ್ತಾಗುವುದಿಲ್ಲ, ಕೋಟಿಗಟ್ಟಲೆ ಊಹೆಗಳನ್ನು ಅರೆದು ನೋಡಬೇಕಾದ ಕಳ್ಳನಿಗೆ ಮಾತ್ರ ಅದೇ ದೊಡ್ಡ ಅಡ್ಡಿ. ಕನ್ನಡದಲ್ಲಿ ಪಾಸ್‌ವರ್ಡ್ ಇಡುವವರು ಗಮನಿಸಬೇಕಾದ ಸಂಗತಿಯೊಂದಿದೆ: ಬಿಕ್ರಿಪ್ಟ್ ಮೊದಲ 72 ಬೈಟುಗಳನ್ನು (ಬೈಟ್ ಎಂದರೆ ಕಂಪ್ಯೂಟರಿನ ಜಾಗದ ಅಳತೆ) ಮಾತ್ರ ಪರಿಗಣಿಸುತ್ತದೆ, ಮತ್ತು ಅಕ್ಷರಗಳನ್ನು ಕಂಪ್ಯೂಟರಿನಲ್ಲಿ ಬರೆದಿಡುವ ಯುಟಿಎಫ್-8 ಎಂಬ ಪದ್ಧತಿಯಲ್ಲಿ ಕನ್ನಡದ ಒಂದೊಂದು ಅಕ್ಷರ, ಸ್ವರಚಿಹ್ನೆ, ಹಲಂತ ಚಿಹ್ನೆಗೂ (್) ಮೂರು ಬೈಟುಗಳು ಬೇಕು. ಇಂಗ್ಲಿಷಿನಲ್ಲಿ ಎಪ್ಪತ್ತೆರಡು ಅಕ್ಷರಗಳಿಗೆ ಸಿಗುವ ಜಾಗದಲ್ಲಿ ನಮಗೆ ಸಿಗುವುದು ಇಪ್ಪತ್ತನಾಲ್ಕು ಚಿಹ್ನೆಗಳಷ್ಟೇ.

ಪಾಸ್‌ವರ್ಡ್ ತಾಳೆಯಾದ ಮೇಲೂ ಒಂದು ತೊಡಕು ಉಳಿಯುತ್ತದೆ. ಜಾಲತಾಣಗಳು ಮಾತನಾಡುವ ಎಚ್‌ಟಿಟಿಪಿ ಎಂಬ ಪದ್ಧತಿಗೆ ನೆನಪಿನ ಶಕ್ತಿಯಿಲ್ಲ; ನೀವು ಮುಂದಿನ ಪುಟ ಒತ್ತಿದಾಗ ಸರ್ವರ್‌ಗೆ ನೀವು ಮತ್ತೆ ಅಪರಿಚಿತರೇ. ಬೇಲೂರಿನ ದೇವಸ್ಥಾನಕ್ಕೆ ಹೋದವರು ಹೊರಗೆ ಚಪ್ಪಲಿ ಬಿಟ್ಟು ಟೋಕನ್ ಪಡೆಯುವುದನ್ನು ನೆನೆಯಿರಿ. ಅಲ್ಲಿ ಕುಳಿತವರು ನಿಮ್ಮ ಮುಖ ನೋಡುವುದಿಲ್ಲ, ಟೋಕನ್ನಿನ ಸಂಖ್ಯೆ ನೋಡುತ್ತಾರೆ. ಹಾಗೆಯೇ ಸರ್ವರ್ ಊಹಿಸಲಾಗದಷ್ಟು ಉದ್ದದ ಸಂಖ್ಯೆಯೊಂದನ್ನು ನಿಮ್ಮ ಬ್ರೌಸರಿಗೆ ಕೊಡುತ್ತದೆ, ಬ್ರೌಸರ್ ಅದನ್ನು ಪ್ರತಿ ಪುಟದೊಂದಿಗೂ ತೋರಿಸುತ್ತದೆ. 1994ರಲ್ಲಿ ಬ್ರೌಸರ್ ಕಂಪನಿಯಾದ ನೆಟ್‌ಸ್ಕೇಪಿನ ಲೂ ಮಾಂಟುಲಿ ರೂಪಿಸಿದ ಕುಕೀ, ಅಂದರೆ ಬ್ರೌಸರ್ ಇಟ್ಟುಕೊಳ್ಳುವ ಪುಟ್ಟ ಚೀಟಿ, ಇದಕ್ಕೆ ನೆರವಾಗುತ್ತದೆ. ಟೋಕನ್ ಕದ್ದವರಿಗೆ ಚಪ್ಪಲಿ ಸಿಗುವಂತೆ, ಕುಕೀ ಕದ್ದವರಿಗೆ ಪಾಸ್‌ವರ್ಡಿಲ್ಲದೆಯೇ ನಿಮ್ಮ ಖಾತೆ ಸಿಗುತ್ತದೆ. ಸೈಬರ್ ಸೆಂಟರಿನಲ್ಲಿ ಕಿಟಕಿ ಮುಚ್ಚಿ ಎದ್ದು ಬಂದರೆ ಟೋಕನ್ ಅಲ್ಲಿಯೇ ಉಳಿಯಬಹುದು. ಲಾಗೌಟ್ ಒತ್ತಿದರೆ ಸರ್ವರ್ ಅದನ್ನು ಕೂಡಲೇ ರದ್ದು ಮಾಡುತ್ತದೆ.

ಪಾಸ್‌ವರ್ಡ್ ಮರೆತವರಿಗೆ ಇರುವುದು ಹೊಸದನ್ನು ಇಟ್ಟುಕೊಳ್ಳುವ ದಾರಿ ಮಾತ್ರ. ಬೆಳೆಗಾರರ ಇಮೇಲಿಗೆ, ಒಮ್ಮೆ ಬಳಸಿದರೆ ಅಥವಾ ಅರ್ಧ ಗಂಟೆ ಕಳೆದರೆ ಸತ್ತುಹೋಗುವ ಕೊಂಡಿ ಹೋಯಿತು. ಅವರು ಹೊಸ ಪಾಸ್‌ವರ್ಡ್ ಬರೆಯುವಾಗ ನಾನು ಕುರ್ಚಿ ತಿರುಗಿಸಿ ಕುಳಿತೆ. ಎರಡನೆಯ ಬೀಗವಾಗಿ ಎಸ್‌ಎಂಎಸ್ ಓಟಿಪಿ ಇಡೋಣವೆಂದರೆ, ಜೋರು ಮಳೆಯಲ್ಲಿ ಕರೆಂಟು ಹೋದರೆ ಅವರ ಎಸ್ಟೇಟಿನಲ್ಲಿ ಸಿಗ್ನಲ್ಲೂ ಹೋಗುತ್ತದೆ; ಓಟಿಪಿ ಬರುವ ಹೊತ್ತಿಗೆ ಅದರ ಅವಧಿ ಮುಗಿದಿರುತ್ತದೆ. ಆದ್ದರಿಂದ ಫೋನಿನ ಅಥೆಂಟಿಕೇಟರ್ ಆ್ಯಪ್ ಹಾಕಿಕೊಟ್ಟೆ. ಮೊದಲೇ ಹಂಚಿಕೊಂಡ ಗುಟ್ಟಿನ ಸಂಖ್ಯೆ ಮತ್ತು ಆ ಕ್ಷಣದ ಸಮಯ, ಇವೆರಡರಿಂದ ಅದು ಸಾಮಾನ್ಯವಾಗಿ 30 ಸೆಕೆಂಡಿಗೊಮ್ಮೆ ಹೊಸ ಸಂಕೇತ ಲೆಕ್ಕಹಾಕುವುದರಿಂದ, ಸಂಕೇತ ಪಡೆಯಲು ಫೋನಿಗೆ ಸಿಗ್ನಲ್ ಬೇಕಿಲ್ಲ.

ಹದಿನೈದು ದಿನಗಳ ನಂತರ, ಸಂಕೇತ ತಪ್ಪೆಂದು ಬರುತ್ತಿದೆ ಎಂದು ಅವರು ಫೋನ್ ಮಾಡಿದರು. ವಿಚಾರಿಸಿದಾಗ, ಮಗ್ಗುಲ ಮನೆಯವರಿಗಿಂತ ಮೊದಲೇ ಏಳಬೇಕೆಂದು ಅವರು ಫೋನಿನ ಗಡಿಯಾರವನ್ನು ಹತ್ತು ನಿಮಿಷ ಮುಂದೆ ಇಟ್ಟುಕೊಂಡಿದ್ದರು.